ಸುಂಟರಗಾಳಿಯ ಹಿಂದೆ ಹುಮಾ

ಸುಂಟರಗಾಳಿ ಎದ್ದರೆ ಜನ ಒಳಗೆ ಓಡಿ ಬಾಗಿಲು ಹಾಕಿಕೊಳ್ಳುತ್ತಾರೆ. ನನ್ನ ಗೆಳತಿ ಹುಮಾ ಚಪ್ಪಲಿಯನ್ನೂ ಮೆಟ್ಟದೆ ಹೊರಗೆ ಓಡುವವಳು. ನಾವು ಏಳನೇ ಕ್ಲಾಸಿನಲ್ಲಿದ್ದಾಗ, ಶಿಡ್ಲಘಟ್ಟದಲ್ಲಿ ಅವಳಪ್ಪ ಅಮಾನುಲ್ಲಾ ಅವರ ರೇಷ್ಮೆ ನೂಲು ತೆಗೆಯುವ ಶೆಡ್ಡಿನ ಟಾರ್ಪಾಲನ್ನು ಗಾಳಿ ಎತ್ತಿಕೊಂಡು ಹೋಯಿತು. ತರುತ್ತೇನೆಂದು ಹೋದ ಮಗಳು ಬರಿಗೈಯಲ್ಲಿ ಬಂದು, ಗಾಳಿ ಎಡಕ್ಕೆ ಸುತ್ತುತ್ತದೋ ಬಲಕ್ಕೋ ಎಂದು ಅಪ್ಪನನ್ನೇ ಕೇಳಿದಳು. ಆಗ ಅವರಿಗೆ ಬಂದ ಕೋಪವನ್ನು ನಾನು ಕಣ್ಣಾರೆ ಕಂಡಿದ್ದೇನೆ.

ಈಗ ಅವಳು ಹವಾಮಾನ ವಿಜ್ಞಾನಿ. ಪುಣೆಯಲ್ಲಿ ಓದಿ, ನಮ್ಮ ಬಯಲುಸೀಮೆಯ ಸುಂಟರಗಾಳಿಯನ್ನೇ ಅಳೆಯುತ್ತೇನೆಂದು ಹಟ ಹಿಡಿದು ವಾಪಸು ಬಂದಳು.

"ಗಾಳಿ ಹಿಂದೆ ಓಡೋಕೂ ಸಂಬಳ ಕೊಡ್ತಾರೇನಮ್ಮ ಶಿರೀಷಾ?" ಎಂದು ಅವಳ ತಾಯಿ ಹಫೀಜಾ ಇವತ್ತಿಗೂ ನನ್ನನ್ನು ಕೇಳುತ್ತಾರೆ.

ಕೊಡುತ್ತಾರೆ, ಆದರೆ ಮೂರೇ ವರ್ಷ. ಅಷ್ಟರೊಳಗೆ ಒಂದಾದರೂ ಸುಂಟರಗಾಳಿ ಅವಳ ಉಪಕರಣದ ಮೇಲೇ ಹಾದುಹೋಗಬೇಕು. ಇಲ್ಲದಿದ್ದರೆ ಯೋಜನೆ ಮುಚ್ಚಿದಂತೆ.

ಉಪಕರಣವೆಂದರೆ ಟಿಫಿನ್ ಡಬ್ಬಿಯಷ್ಟು ಪೆಟ್ಟಿಗೆ. ಗಾಳಿಯ ಒತ್ತಡವನ್ನು ಸೆಕೆಂಡಿಗೊಮ್ಮೆ ಬರೆದಿಡುತ್ತದೆ. ಸುಂಟರಗಾಳಿಯ ನಡುಮಧ್ಯದಲ್ಲಿ ಒತ್ತಡ ಕುಸಿಯುತ್ತದಂತೆ. ನಮ್ಮ ಕಡೆ ಎಷ್ಟು ಕುಸಿಯುತ್ತದೆ ಎಂಬುದೇ ಅವಳ ಪ್ರಶ್ನೆ. ಅಂಥ ಒಂಬತ್ತು ಪೆಟ್ಟಿಗೆಗಳನ್ನು ಪೆರೇಸಂದ್ರದಿಂದ ಸಾದಲಿಯವರೆಗೆ ಕಂಬಗಳಿಗೆ ಕಟ್ಟಿದ್ದಳು. ಬೇಸಿಗೆಯ ಭಾನುವಾರಗಳಲ್ಲಿ ಕಾರು ನನ್ನದು, ಡ್ರೈವಿಂಗೂ ನನ್ನದೇ. ಎಲ್ಲಾದರೂ ಧೂಳೆದ್ದರೆ ಸಾಕು, "ಬೇಗ ಹೋಗೇ, ಬೇಗ!" ಎಂದು ಕಿರುಚುತ್ತಿದ್ದಳು. ನಾವು ಮುಟ್ಟುವಷ್ಟರಲ್ಲಿ ಗಾಳಿ ಮಾಯ, ಬಾಯಿ ತುಂಬ ಮಣ್ಣು.

ಯೋಜನೆಯ ಕೊನೆಯ ಭಾನುವಾರ ಸಾದಲಿಯ ಹತ್ತಿರ ತೆಂಗಿನ ಮರದೆತ್ತರದ ಸುಂಟರಗಾಳಿ ಎದ್ದಿತು. ನೇರವಾಗಿ, ರೇಷ್ಮೆಹುಳು ಸಾಕುವ ಓಬಳಮ್ಮನ ಅಂಗಳಕ್ಕೆ ನುಗ್ಗಿತು. ನಮ್ಮ ಆರನೇ ಪೆಟ್ಟಿಗೆ ಇದ್ದದ್ದೂ ಅಲ್ಲೇ! ಹುಮಾ ಕಾರಿನಲ್ಲೇ ಕುಣಿದಳು. ಹೋಗಿ ನೋಡಿದರೆ ಕಂಬ ಬೋಳು. ಅಂಗಳದ ಮಧ್ಯೆ ತಲೆಯಿಂದ ಕಾಲಿನವರೆಗೆ ಧೂಳಾಗಿದ್ದ ಓಬಳಮ್ಮ ಪೆಟ್ಟಿಗೆಯನ್ನು ತಬ್ಬಿಕೊಂಡು ಕೂತಿದ್ದರು.

"ಹೆದರ್ಕೋಬೇಡಮ್ಮ, ನಿನ್ನ ಮಿಷನ್ನಿಗೆ ಏನೂ ಆಗಿಲ್ಲ. ಚಂದ್ರಿಕೆ ಎಲ್ಲಾ ಒಳಗೆ ಹಾಕಿದೆ. ಪಾಪ, ಇದೊಂದು ಹೊರಗೇ ಉಳೀತಲ್ಲ ಅಂತ ಬಿಚ್ಕೊಂಡೆ. ಒಳಗೆ ಹೋಗೋಷ್ಟರಲ್ಲಿ ಗಾಳಿ ನನ್ನ ಮೇಲೇ ಬಂದ್ಬಿಡ್ತು."

ಹಣ್ಣಾದ ಹುಳು ಗೂಡು ಕಟ್ಟುವ ಬಿದಿರಿನ ತಟ್ಟಿಯೇ ಚಂದ್ರಿಕೆ. ಗಾಳಿಯೆದ್ದಾಗ ಅದನ್ನು ಒಳಗೆ ಸಾಗಿಸದ ಕೈ ನಮ್ಮ ಕಡೆ ಇಲ್ಲ. ಆದರೆ ಗಾಳಿಗೆಂದೇ ಇಟ್ಟ ಪೆಟ್ಟಿಗೆಯನ್ನೂ ಒಳಗೆ ಸಾಗಿಸುವುದೇ? ಕೈಗೆ ಬಂದ ತುತ್ತು ಬಾಯಿಗೆ ಬರಲಿಲ್ಲವಲ್ಲ ಎಂದು ನನಗೆ ಸಿಟ್ಟು ಬಂತು. ಹುಮಾ ಮುಖ ಸಣ್ಣ ಮಾಡಿಕೊಂಡರೂ ಓಬಳಮ್ಮನ ಸೆರಗಿನ ಧೂಳು ಕೊಡವಿ, ಅವರು ಕೊಟ್ಟ ಮಜ್ಜಿಗೆ ಕುಡಿದು, ಅಭ್ಯಾಸಬಲದಿಂದ ಪೆಟ್ಟಿಗೆಯನ್ನು ಲ್ಯಾಪ್‌ಟಾಪಿಗೆ ಜೋಡಿಸಿದಳು.

ತೆರೆಯ ಮೇಲೆ ಗೆರೆ ಸಮನಾಗಿ ಬಂದು, ಒಮ್ಮೆಲೇ ಬಾವಿಗಿಳಿದು, ಮತ್ತೆ ಮೇಲೆದ್ದಿತ್ತು. ಕಂಬದಿಂದ ಬಿಚ್ಚಿದರೂ ಪೆಟ್ಟಿಗೆ ಒತ್ತಡ ಬರೆಯುವುದನ್ನು ನಿಲ್ಲಿಸಿರಲಿಲ್ಲ. ಹುಮಾ ಎದ್ದು ನೆಲ ನೋಡಿದಳು. ಗಾಳಿ ಗುಡಿಸಿದ ಜಾಡು ಕಂಬದಿಂದ ಇಪ್ಪತ್ತು ಹೆಜ್ಜೆ ಆಚೆ, ಓಬಳಮ್ಮ ಕೂತಿದ್ದ ಜಾಗದ ಮೇಲೇ ಹಾದುಹೋಗಿತ್ತು. ಅವಳು ಓಡಿಬಂದು ಆ ಮುದುಕಿಯನ್ನು ಅಪ್ಪಿಕೊಂಡು ಅತ್ತೇಬಿಟ್ಟಳು.

ಯೋಜನೆ ಇನ್ನೂ ಮೂರು ವರ್ಷ ಮುಂದುವರಿದಿದೆ. ವರದಿಯಲ್ಲಿ 'ಉಪಕರಣ ಇದ್ದ ಸ್ಥಳ' ಎಂಬಲ್ಲಿ ಹುಮಾ 'ಸಾದಲಿ, ಓಬಳಮ್ಮನವರ ಮಡಿಲು' ಎಂದು ಬರೆದಳು. ಮೇಲಿನವರು ಎರಡು ಸಲ ತಿದ್ದಲು ಹೇಳಿ ವಾಪಸು ಕಳಿಸಿದರು. ಎರಡು ಸಲವೂ ಅವಳು ಒಂದಕ್ಷರ ಬದಲಿಸದೆ ಕಳಿಸಿದಳು.