ನಡುಮಧ್ಯಾಹ್ನ ಕೂಗಿದ ಕೋಳಿ

ಚಾಮರಾಜನಗರದಲ್ಲಿ ರೇಷ್ಮೆಗೂಡಿನ ಮಾರುಕಟ್ಟೆಯಿಂದ ಸ್ವಲ್ಪ ಒಳಗಿದ್ದ ಒಂದು ಬಾಡಿಗೆ ಮನೆಯಲ್ಲಿ ನಾನು ಕೆಲವು ವರ್ಷ ಕೆಲಸ ಮಾಡಿದೆ. ಗಡಿಯಾರ ನೋಡದ ಜನ ಹೊತ್ತನ್ನು ಹೇಳುತ್ತಿದ್ದ ಮಾತುಗಳನ್ನು ಕೂಡಿಹಾಕಿ ಕಾಪಾಡುವ ಸಂಸ್ಥೆ ಅದು. ನಾವೆಲ್ಲ ಅದನ್ನು ನುಡಿಮನೆ ಎನ್ನುತ್ತಿದ್ದೆವು. ಕಟ್ಟಿದವರು ನನಗೆ ಹೈಸ್ಕೂಲಿನಲ್ಲಿ ಕನ್ನಡ ಕಲಿಸಿದ ಮೇಷ್ಟ್ರು. ಗಂಡ ತೀರಿಕೊಂಡು ನಾನು ತವರಿಗೆ ಮರಳಿದಾಗ ನೆಂಟರು ಮರುಗಿ ಹೋದರು. ಮನೆಗೇ ಬಂದು ಕೆಲಸಕ್ಕೆ ಕರೆದವರು ಅವರೊಬ್ಬರೇ.

ರೆಕಾರ್ಡರನ್ನು ಚೀಲದಲ್ಲಿಟ್ಟುಕೊಂಡು ಬಸ್ಸು ಹತ್ತುವುದು, ವಯಸ್ಸಾದವರನ್ನು ಮಾತಾಡಿಸುವುದು, ಇಷ್ಟೇ ನನ್ನ ಕೆಲಸ. ಹೊತ್ತು ಮಾರುದ್ದ ಏರಿದಾಗ, ದನ ಬಿಡುವ ಹೊತ್ತು, ಸಂತೆ ಕದಲುವ ಹೊತ್ತು ಎಂದು ಒಬ್ಬೊಬ್ಬರದೂ ಒಂದೊಂದು ಲೆಕ್ಕ. ಬಂಡೀಪುರದ ದಾರಿಯ ಲಾರಿ ಡ್ರೈವರೊಬ್ಬ, ರಾತ್ರಿ ಕಾಡಿನ ರಸ್ತೆ ಮುಚ್ಚುವ ಸಮಯಕ್ಕೆ ‘ಗೇಟ್ ಬೀಳೋ ಹೊತ್ತು’ ಅಂದದ್ದನ್ನು ಕೇಳಿಸಿದ ದಿನ ಮೇಷ್ಟ್ರು ಎಲ್ಲರಿಗೂ ಕಾಫಿ ತರಿಸಿದ್ದರು. ಇದು ಹಳೇ ಮಾತಲ್ಲ, ಈಗ ತಾನೇ ಹುಟ್ಟಿದ ಮಾತು ಎಂದು ಖುಷಿಪಟ್ಟಿದ್ದರು.

ನನ್ನ ಚಿಕ್ಕವ್ವನ ಮನೆ ಗುಂಡ್ಲುಪೇಟೆಯ ಆಚೆ ಒಂದು ಹಳ್ಳಿಯಲ್ಲಿ. ಚಿಕ್ಕಂದಿನಲ್ಲಿ ಬೇಸಿಗೆ ರಜೆಗೆ ನಾನು ಅಲ್ಲೇ ಇರುತ್ತಿದ್ದೆ. ಒಂದು ಸಲ ನಡುಮಧ್ಯಾಹ್ನ ಪಾತ್ರೆ ತೊಳೆಯುತ್ತಿದ್ದ ಚಿಕ್ಕವ್ವ ಹಿತ್ತಲ ಗೋಡೆಯಾಚೆಗೆ ಕೇಳುವಂತೆ, ಕೋಳಿ ಕೂಗಿತು ಎಂದಳು. ಯಾವ ಕೋಳಿಯೂ ಕೂಗಿರಲಿಲ್ಲ. ಸ್ವಲ್ಪ ಹೊತ್ತಿಗೆ ಪಕ್ಕದ ಮನೆಯ ಅಕ್ಕ ಕೆದರಿದ ತಲೆಯಲ್ಲಿ ಬಂದು ನಮ್ಮ ಅಡುಗೆಮನೆಯ ಮೂಲೆಯಲ್ಲಿ ಕೂತಳು. ಅದರ ಅರ್ಥವನ್ನು ಚಿಕ್ಕವ್ವ ಬಿಡಿಸಿ ಹೇಳಿದ್ದು ನಾನು ವಿಧವೆಯಾಗಿ ಬಂದ ಮೇಲೆ. ಆ ಬೀದಿಯ ಐದಾರು ಮನೆಯ ಹೆಂಗಸರಿಗೆ ಮಾತ್ರ ಗೊತ್ತಿದ್ದ ಮಾತು ಅದು. ‘ಹೊತ್ತು ಮುಳುಗ್ತು’ ಎಂದರೆ ಗಂಡ ಕುಡಿದು ಬಂದಿದ್ದಾನೆ. ‘ಕೋಳಿ ಕೂಗ್ತು’ ಎಂದರೆ ನಮ್ಮ ಬಾಗಿಲು ತೆಗೆದಿದೆ, ಬಾ. ಕೇಳಿಸಿಕೊಂಡ ಗಂಡಸರು ಹೆಂಗಸರಿಗೆ ಹೊತ್ತುಗೊತ್ತು ತಿಳಿಯುವುದಿಲ್ಲ ಎಂದು ನಗುತ್ತಿದ್ದರಂತೆ.

ಈ ವಿಷಯವನ್ನು ಮೇಷ್ಟ್ರಿಗೆ ಹೇಳಿದೆ. ಆಮೇಲೆ ಒಂದು ದಿನ ನನ್ನ ಜೊತೆ ಹಳ್ಳಿಗೆ ಬಂದು ಚಿಕ್ಕವ್ವನ ಜಗಲಿಯ ಮೇಲೆ ಕೂತರು. ಚಿಕ್ಕವ್ವ ಒಪ್ಪಲಿಲ್ಲ. ಅದು ನಮ್ಮ ಬೀದಿಯ ಮಾತು, ಬಿಟ್ಟುಬಿಡಿ ಎಂದಳು.

“ಇದನ್ನು ಬೇರೆಯಾಗಿ ಬೀಗ ಹಾಕಿ ಇಡುತ್ತೇನೆ ತಾಯಿ” ಎಂದರು ಮೇಷ್ಟ್ರು. “ನಿಮ್ಮ ಬೀದಿಯ ಹೆಂಗಸರೆಲ್ಲ ಒಪ್ಪುವ ತನಕ ನುಡಿಮನೆಯ ಬಾಗಿಲು ದಾಟುವುದಿಲ್ಲ.”

ಚಿಕ್ಕವ್ವ ನನ್ನ ಕಡೆ ತಿರುಗಿದಳು. “ದಿಟವಾ ಕಣಮ್ಮಿ?”

ದಿಟ ಎಂದೆ. ನನಗೆ ಯಾವ ಅನುಮಾನವೂ ಇರಲಿಲ್ಲ. ಚಿಕ್ಕವ್ವ ರೆಕಾರ್ಡರಿನ ಮುಂದೆ ಕೂತು ಒಂದೊಂದೇ ಮಾತನ್ನು ಬಿಡಿಸಿದಳು. ಪಕ್ಕದ ಮನೆಯ ಅಕ್ಕನೂ ಬಂದು ದನಿಗೂಡಿಸಿದಳು. ನಡುನಡುವೆ ಇಬ್ಬರೂ ಬಾಯಿಗೆ ಸೆರಗು ಮುಚ್ಚಿಕೊಂಡು ನಕ್ಕರು.

ಮುಂದಿನ ವರ್ಷ ಒಂದು ಬೆಳಿಗ್ಗೆ ನನ್ನ ದಾಯಾದಿ ತಮ್ಮ ಫೋನಿಗೆ ಒಂದು ವಿಡಿಯೊ ಕಳಿಸಿದ. ಜೊತೆಗೆ ನಗುವ ಗೊಂಬೆಗಳು. ತೆರೆದರೆ ಚಿಕ್ಕವ್ವನ ದನಿ. ಅದರ ಹಿಂದೆಯೇ, ಇದು ಗಂಡಸರಿಗೆ ತಿಳಿಯದ ಗುಟ್ಟಿನ ಗಡಿಯಾರ ಎಂದು ಮೇಷ್ಟ್ರ ವಿವರಣೆ. ನುಡಿಮನೆಯೇ ಮಾಡಿಸಿದ ವಿಡಿಯೊ ಅದು. ಪಕ್ಕದ ಮೇಜಿನಲ್ಲಿ ಕೂತು ಕೆಲಸ ಮಾಡುವ ನನಗೆ ಒಂದು ಮಾತೂ ಹೇಳಿರಲಿಲ್ಲ. ಮೇಷ್ಟ್ರಿಗೆ ಫೋನ್ ಮಾಡಿದರೆ ಉತ್ಸಾಹದಿಂದ, ಎಷ್ಟು ಜನ ನೋಡುತ್ತಿದ್ದಾರೆ ಗೊತ್ತೇನಮ್ಮ ಎಂದರು. ಕೊಟ್ಟ ಮಾತನ್ನು ನೆನಪಿಸಿದೆ. ಹೆಸರು ಹಾಕಿಲ್ಲವಲ್ಲ, ಮುಖ ತೋರಿಸಿಲ್ಲವಲ್ಲ ಎಂದರು.

ಕೂಡಲೇ ಗುಂಡ್ಲುಪೇಟೆಯ ಬಸ್ಸು ಹತ್ತಿದೆ. ನಾನು ಹೋಗುವ ಹೊತ್ತಿಗೆ ಆಗಬಾರದ್ದು ಆಗಿಹೋಗಿತ್ತು. ಹಿಂದಿನ ದಿನವೇ ಆ ವಿಡಿಯೊ ಊರಿನ ಟೀ ಅಂಗಡಿಗೆ ಬಂದಿತ್ತು. ದನಿ ಯಾರದು ಎಂದು ಊರಿನವರಿಗೆ ಹೆಸರು ಹಾಕಿ ಹೇಳಬೇಕೆ? ಅದೇ ಸಂಜೆ ಪಕ್ಕದ ಮನೆಯ ಅಕ್ಕ ಎಂದಿನಂತೆ ಚಿಕ್ಕವ್ವನ ಅಡುಗೆಮನೆ ಸೇರಿದ್ದಳು. ಅವಳ ಗಂಡ ಬಂದು ಬಾಗಿಲ ಹೊರಗೆ ನಿಂತ. ಕೂಗಾಡಲಿಲ್ಲ, ಬಾಗಿಲು ಒದೆಯಲಿಲ್ಲ. “ಕೋಳಿ ಕೂಗ್ತು, ಬಾ” ಎಂದನಂತೆ, ಮೆಲ್ಲಗೆ. ಚಿಕ್ಕವ್ವ ಕೈ ಹಿಡಿದು ಎಳೆದರೂ ಅಕ್ಕ ತಾನಾಗಿಯೇ ಎದ್ದು ಹೊರಗೆ ಹೋದಳಂತೆ. ನಾನು ನೋಡಿದಾಗ ಅವಳು ಆಸ್ಪತ್ರೆಯಿಂದ ಕೈಗೆ ಪಟ್ಟಿ ಹಾಕಿಸಿಕೊಂಡು ಬಂದಿದ್ದಳು. ಮೂಳೆ ಮುರಿದಿತ್ತು.

ಚಿಕ್ಕವ್ವ ನನ್ನನ್ನು ಒಳಗೆ ಕರೆಯಲಿಲ್ಲ.

“ದಿಟ ಅಂದಿದ್ದೆ ಕಣಮ್ಮಿ ನೀನು” ಎಂದಳು. ಅಷ್ಟೇ.

ಮಾರನೇ ದಿನ ನುಡಿಮನೆಗೆ ಹೋಗಿ ಎಲ್ಲವನ್ನೂ ಹೇಳಿದೆ. ಮೇಷ್ಟ್ರು ಕನ್ನಡಕ ತೆಗೆದು ಕಣ್ಣು ಒರೆಸಿಕೊಂಡರು. ನುಡಿಮನೆಗೆ ಹೊಸ ಜನ ಬೇಕಿತ್ತು, ಬರೀ ಹೊತ್ತು ಮುಳುಗಿತು, ಹುಟ್ಟಿತು ಎಂದರೆ ಯಾರೂ ತಿರುಗಿ ನೋಡುತ್ತಿರಲಿಲ್ಲ ಎಂದರು. ಆಮೇಲೆ, “ಗುಟ್ಟಾಗಿಯೇ ಇದ್ದಿದ್ದರೆ ಆ ಮಾತು ಅವರೊಂದಿಗೇ ಸತ್ತುಹೋಗುತ್ತಿತ್ತಮ್ಮ” ಎಂದರು.

“ಈಗಲೇ ಸತ್ತಿದೆ ಸಾರ್. ಆ ಬೀದಿಯಲ್ಲಿ ಇನ್ನು ಯಾರೂ ಅದನ್ನ ಆಡಲ್ಲ” ಎಂದು ನನ್ನ ಹತ್ತಿರವಿದ್ದ ನುಡಿಮನೆಯ ಬೀಗದ ಕೈಯನ್ನು ಅವರ ಮೇಜಿನ ಮೇಲಿಟ್ಟು ಬಂದೆ. ಅವತ್ತೇ ವಿಡಿಯೊ ತೆಗೆಸಿದರು ಎಂದು ಆಮೇಲೆ ತಿಳಿಯಿತು. ಅಷ್ಟರಲ್ಲಿ ಅದು ಊರಿನ ಫೋನುಗಳಲ್ಲೆಲ್ಲ ಕೂತಿತ್ತು.

ಆ ವಾರ ಚಿಕ್ಕವ್ವ ಬೀದಿಯ ಹೆಂಗಸರನ್ನು ಕೂಡಿಸಿಕೊಂಡು ಆಟೊದಲ್ಲಿ ಗುಂಡ್ಲುಪೇಟೆಯ ಪೊಲೀಸ್ ಠಾಣೆಗೆ ಹೋದಳು. ನಾನೂ ಹೋದೆ. ಆಟೊದಲ್ಲಿ ಯಾರೂ ನನ್ನನ್ನು ಮಾತಾಡಿಸಲಿಲ್ಲ. ಪೊಲೀಸರು ಅಕ್ಕನ ಗಂಡನನ್ನು ಕರೆಸಿ ಬೈದು, ಮುಚ್ಚಳಿಕೆ ಬರೆಸಿಕೊಂಡು ಕಳಿಸಿದರು. ಅಕ್ಕ ಮಾತ್ರ ಮತ್ತೆ ಅವನ ಮನೆಯ ಹೊಸಿಲು ತುಳಿಯಲಿಲ್ಲ. ಅವಳ ಅಣ್ಣ ಬಂದು ಸಂತೆಮರಹಳ್ಳಿಗೆ ಕರೆದುಕೊಂಡು ಹೋದ. ಅಲ್ಲಿ ಸೊಪ್ಪು ಮಾರುತ್ತಾಳೆ. ಆ ಕೈ ಈಗಲೂ ಪೂರ್ತಿ ಮಡಚುವುದಿಲ್ಲ.

ಮೇಷ್ಟ್ರು ಒಮ್ಮೊಮ್ಮೆ ಬಸ್ ಸ್ಟ್ಯಾಂಡಿನಲ್ಲಿ ಎದುರಾಗುತ್ತಾರೆ. ಕೈ ಎತ್ತುತ್ತಾರೆ, ನಾನು ತಲೆಯಾಡಿಸುತ್ತೇನೆ. ಜಗಲಿಯ ಮೇಲೆ ಕೂತು ಅವರು ಬೇಕೆಂದೇ ಸುಳ್ಳು ಹೇಳಿದರು ಎಂದು ನನಗೆ ಇವತ್ತಿಗೂ ಅನ್ನಿಸುವುದಿಲ್ಲ. ಅವತ್ತು ಮನಸ್ಸಿನಿಂದಲೇ ಮಾತು ಕೊಟ್ಟಿದ್ದರು. ಆಮೇಲೆ ಅದನ್ನು ಮುರಿಯುವಾಗ ಅವರಿಗೆ ಏನೂ ಅನ್ನಿಸಲಿಲ್ಲವಲ್ಲ, ನನ್ನ ಹೊಟ್ಟೆ ಉರಿಯುವುದು ಅದಕ್ಕೆ.

ಚಿಕ್ಕವ್ವ ಈಗ ನನ್ನೊಡನೆ ಮಾತಾಡುತ್ತಾಳೆ. ಹೋದರೆ ಮುದ್ದೆ ಬಡಿಸುತ್ತಾಳೆ, ಬರುವಾಗ ಮಡಿಲಿಗೆ ಅವರೆಕಾಯಿ ಸುರಿಯುತ್ತಾಳೆ. ಆದರೆ ನಾನು ಊಟಕ್ಕೆ ಕೂತಿರುವಾಗ ಬೀದಿಯ ಹೆಂಗಸರ ಫೋನ್ ಬಂದರೆ, ಎದ್ದು ಹಿತ್ತಲಿಗೆ ಹೋಗಿ ಬಾಗಿಲು ಎಳೆದುಕೊಂಡು ಮಾತಾಡುತ್ತಾಳೆ.