ಹೊರಸಿನ ಎತ್ತರದ ಕಿಂಡಿ

ಅಡುಗೆಮನೆ ಗೋಡೆಯ ಕಿಂಡಿಯನ್ನು ಏಕೆ ಮುಚ್ಚಿಲ್ಲವೆಂದು ಕೇಳುತ್ತೀರಿ. ಅದನ್ನು ಕೊರೆದವನು ಮನೆ ಕಟ್ಟುವ ಕೆಲಸದ ಬೇವೂರಿನ ಒಬ್ಬ ಗೌಂಡಿ.

ನಿಮ್ಮ ಅಜ್ಜ ಆಗ ಗೋಡೆಯಾಚೆಯ ಪಡಸಾಲೆಯಲ್ಲಿ, ಹಗ್ಗದ ಹೊರಸಿನ ಮೇಲೆ ಹಾಸಿಗೆ ಹಿಡಿದಿದ್ದರು. ರೊಟ್ಟಿ ಬಡಿಯುವ ಸದ್ದಿನಲ್ಲಿ ಅವರು ಕರೆದದ್ದು ಕೇಳದೆ ಹೋದೀತೆಂದು ನಾನು ಹಿಟ್ಟಿನ ಕೈಯಲ್ಲೇ ಮತ್ತೆ ಮತ್ತೆ ಓಡುತ್ತಿದ್ದೆ.

ಸೋರುವ ಮಾಳಿಗೆ ನೋಡಲು ಬಂದ ಗೌಂಡಿ ಇದನ್ನು ಗಮನಿಸಿ, ಹೊರಸಿನ ಪಕ್ಕ ಮಂಡಿಯೂರಿ, ಅಜ್ಜನ ದಿಂಬಿಗೇ ತಲೆಯಿಟ್ಟು ಒಂದು ಕಣ್ಣು ಮುಚ್ಚಿದ.

"ನನ್ನ ಜಾಗಾ ಹಿಡ್ಯಾಕ ಬಂದೀಯೇನಲೇ?" ಎಂದರು ಅಜ್ಜ.

"ಮಲಗಿ ನೋಡಬೇಕ್ರಿ," ಎಂದ ಗೌಂಡಿ. ಇರುವವರ ಜಾಗದಿಂದಲೇ ನೋಡಬೇಕೆಂಬುದು ಎಲ್ಲ ಮನೆಯಲ್ಲೂ ಅವನ ಮಾತು.

"ಮಣ್ಣಿನ ಗ್ವಾಡಿ, ಬಿದ್ದೀತಪ್ಪಾ!" ಎಂದು, ಅವನು ಗೋಡೆಗೆ ಉಳಿ ಹಚ್ಚಿದಾಗ ನಾನು ಅಂಜಿದೆ. ಅವನು ಬೆರಳಿನಿಂದ ತಟ್ಟಿ ನೋಡುತ್ತ, ಒಲೆಯ ಮುಂದೆ ಕೂತ ನನಗೆ ಅಜ್ಜ ಕಾಣುವಂತೆ ಹೊರಸಿನ ಎತ್ತರಕ್ಕೆ ಕಿಂಡಿ ಕೊರೆದ.

ಕೊನೆಯ ದಿನ ಅಜ್ಜನಿಗೆ ಕರೆಯಲು ದನಿಯೇ ಇರಲಿಲ್ಲ. ಒಲೆಯ ಮುಂದಿದ್ದ ನಾನು ಕಿಂಡಿಯಲ್ಲಿ ಅವರ ಕೈ ಎದ್ದದ್ದನ್ನು ಕಂಡೆ. ಅದು ಇಳಿಯುವ ಮೊದಲೇ ಹೋಗಿ ಹಿಡಿದುಕೊಂಡೆ.