ಅಣ್ಣನ ಆಶ್ರಯದಲ್ಲಿ ವಾಸವಾಗಿರುತ್ತಾಳೆ

ನನ್ನ ತಂಗಿಯ ಜೀವನಾಂಶದ ಅರ್ಜಿಯನ್ನು ವಾಪಸ್ ಪಡೆದು ಮತ್ತೆ ಹಾಕಬೇಕಾಯಿತು. ಅರ್ಜಿಯಲ್ಲಿ ತಪ್ಪು ವಿವರ ಇತ್ತು. ವಿವರ ಕೊಟ್ಟವನು ನಾನು.

ದಾವಣಗೆರೆಯ ವಿನೋಬನಗರದಲ್ಲಿ ನನ್ನದು ಗ್ರಿಲ್ ವೆಲ್ಡಿಂಗ್ ಅಂಗಡಿ. ಹಿಂದೆಯೇ ಮನೆ, ಮೇಲೊಂದು ಕೋಣೆ. ಗಂಡ ಬಿಟ್ಟ ತಂಗಿ ವಾಪಸ್ ಬರುತ್ತಾಳೆಂದು ತಿಳಿದ ವಾರವೇ ಆ ಕೋಣೆಯನ್ನು ಇಬ್ಬರು ಕಾಲೇಜು ಹುಡುಗರಿಗೆ ಬಾಡಿಗೆಗೆ ಕೊಟ್ಟೆ. ತಪ್ಪನ್ನು ಹೆಂಡತಿಯ ಮೇಲೆ ಹಾಕಬಹುದಿತ್ತು, ಆದರೆ ಅವಳು ಏನೂ ಅಂದಿರಲಿಲ್ಲ. ಬಂದವಳು ಮತ್ತೆ ಹೋಗುವುದಿಲ್ಲ ಎಂಬ ಭಯ ನನ್ನದೇ. ಹರಿಹರದಲ್ಲಿ ತಂಗಿಗೆ ಒಂದು ಬಾಡಿಗೆ ಕೋಣೆ ನಾನೇ ಹುಡುಕಿಕೊಟ್ಟೆ. "ಹರಿಹರ ಏನು ದೂರ, ಬಸ್ಸಿಗೆ ಕುಂತ್ರೆ ಬಂದೇ ಬಿಡ್ತೈತೆ" ಎಂದೆ. ಅವಳು ಅಲ್ಲಿ ರೊಟ್ಟಿ ಅಂಗಡಿಯಲ್ಲಿ ರೊಟ್ಟಿ ಬಡಿಯುವ ಕೆಲಸಕ್ಕೆ ಸೇರಿದಳು.

ವಕೀಲರ ಹತ್ತಿರ ಮಾತಾಡಲು ನಾನೇ ಮುಂದಾದೆ. ನಾನು ಓದಿದ್ದು ಏಳನೇ ತರಗತಿ, ಅವಳು ನಾಲ್ಕನೆಯದು. ವಕೀಲರ ಮನೆಯ ಗೇಟು ನಾನೇ ಮಾಡಿಕೊಟ್ಟದ್ದು.

"ತಂಗಿ ಈಗ ಎಲ್ಲಿ ಅದಾರಪ್ಪ?" ಎಂದು ಅವರು ಕೇಳಿದರು.

"ನಮ್ಮ ಮನ್ಯಾಗೇ ಸಾರ್. ಮತ್ತೆಲ್ಲಿ ಇರ್ತಾಳೆ?"

"ಒಳ್ಳೇದಾತು ಬಿಡ್ರಿ. ಈ ಕಾಲದಾಗ ಯಾರು ನೋಡ್ಕಂತಾರೆ."

ನಾನು ವಿನಯದಿಂದ ತಲೆ ತಗ್ಗಿಸಿದೆ. ಪಕ್ಕದಲ್ಲಿ ಕೂತಿದ್ದ ತಂಗಿ ಫ್ಯಾನು ನೋಡುತ್ತಿದ್ದಳು. 'ಅರ್ಜಿದಾರಳು ದಾವಣಗೆರೆಯಲ್ಲಿ ತನ್ನ ಅಣ್ಣನ ಆಶ್ರಯದಲ್ಲಿ ವಾಸವಾಗಿರುತ್ತಾಳೆ' ಎಂದು ಟೈಪಾಯಿತು. ಅವಳು ಸಹಿ ಹಾಕಿದಳು.

ಹೊರಗೆ ಬಂದ ಮೇಲೆ ಕೇಳಿದಳು: "ಅಣ್ಣ, ನಾನು ನಿಮ್ಮ ಮನ್ಯಾಗ ಅದೀನಿ ಅಂತ ಬರ್ಸಿದ್ಯಲ್ಲ?"

"ಕೋರ್ಟಿಗೆ ಹಂಗೇ ಬರೀಬೇಕು."

"ಹೌದಾ? ನಾನೇನೋ ಕರ್ಕಂಡು ಹೋಗ್ತೀಯ ಅಂದ್ಕಂಡೆ."

ಕೆಲವು ತಿಂಗಳ ನಂತರ ಅವಳ ವಿಚಾರಣೆ ಬಂತು. ಗಂಡನ ಕಡೆಯ ವಕೀಲರು ಬೇರೆ ಸಾಕ್ಷಿ ತರುವ ಕಷ್ಟ ತೆಗೆದುಕೊಳ್ಳಲಿಲ್ಲ. ನಮ್ಮ ಅರ್ಜಿಯನ್ನೇ ಓದಿದರು. ಅಣ್ಣ ಇಷ್ಟು ಚೆನ್ನಾಗಿ ನೋಡಿಕೊಳ್ಳುತ್ತಿರುವಾಗ ಜೀವನಾಂಶ ಯಾಕೆ ಎಂಬುದು ಅವರ ವಾದ. ಆಮೇಲೆ ಅವಳನ್ನು ಕೇಳಿದರು:

"ಅಣ್ಣನ ಮನ್ಯಾಗ ಯಾವ ರೂಮಿನಾಗ ಇರ್ತೀರಮ್ಮ?"

ತಂಗಿ ಪ್ರಮಾಣ ಮಾಡಿದ್ದಳು. "ನಾನು ಹರಿಹರದಾಗ ಇರ್ತೀನ್ರಿ."

"ಮತ್ತೆ ಇದ್ರಾಗ ಬರ್ದಿರೋದು?"

"ಅದು ಕೋರ್ಟಿಗೆ ಹಂಗೇ ಬರೀಬೇಕಂತ್ರಿ."

ಎಲ್ಲರೂ ನಕ್ಕರು. "ಯಾರು ಹೇಳಿದ್ರು?" ಎಂದಾಗ ಅವಳು ನನ್ನ ಕಡೆ ತಿರುಗಲಿಲ್ಲ. "ನೆನಪಿಲ್ರಿ" ಎಂದಳು. ಆ ದಿನ ಅವಳು ಹೇಳಿದ ಸುಳ್ಳು ಅದೊಂದೇ.

ನಮ್ಮ ವಕೀಲರು ನನ್ನನ್ನು ಪಡಸಾಲೆಗೆ ಕರೆದುಕೊಂಡು ಹೋದರು. "ಏನ್ರೀ, ನಾವು ಅರ್ಜಿ ಹಾಕಿದ್ದು ನಿಮ್ಮ ತಂಗಿ ಊಟಕ್ಕೋ, ನಿಮ್ಮ ಮರ್ಯಾದಿಗೋ?"

ಅವಳು ಇರುವುದು ಹರಿಹರದಲ್ಲಾದರೆ ಅರ್ಜಿಯೂ ಅಲ್ಲಿಯ ಕೋರ್ಟಿಗೇ ಹೋಗಬೇಕು, ಇದನ್ನು ತೇಪೆ ಹಾಕಿ ಉಳಿಸಲು ಆಗುವುದಿಲ್ಲ ಎಂದರು. ಮತ್ತೆ ಹಾಕಲು ಅನುಮತಿ ಬೇಡಿ ಹಿಂದಕ್ಕೆ ಪಡೆದೆವು. ಜೀವನಾಂಶ ಸಿಕ್ಕರೂ ಇನ್ನು ಹೊಸ ಅರ್ಜಿಯ ದಿನದಿಂದಲೇ ಲೆಕ್ಕವಂತೆ. ಕಳೆದ ತಿಂಗಳುಗಳು ಹೋದವು. ತಂಗಿಗೆ ಇದನ್ನು ನಾನೇ ಹೇಳಬೇಕಿತ್ತು. ವಕೀಲರು ಹೇಳಲಿ ಎಂದು ಸುಮ್ಮನಿದ್ದೆ, ಅವರೇ ಹೇಳಿದರು.

ಹರಿಹರದ ಕೋರ್ಟಿನ ಎದುರಿನ ಟೈಪಿಂಗ್ ಅಂಗಡಿಯಲ್ಲಿ ಹೊಸ ಅರ್ಜಿ ತಯಾರಾಯಿತು. ವಕೀಲರು ಈ ಸಲ ನನ್ನನ್ನು ಬಿಟ್ಟು ಅವಳನ್ನು ಕೇಳಿದರು. "ಅಣ್ಣನ ಮನ್ಯಾಗ ಯಾಕ ಇಲ್ಲ ಅಂತ ಕೇಳೇ ಕೇಳ್ತಾರೆ. ಏನು ಬರ್ಸಾಣಮ್ಮ?"

"ಅಣ್ಣನ ಮನಿ ಸಣ್ಣದು ಅಂತ ಬರ್ಸ್ರಿ."

ಅದನ್ನು ಹಾಗೇ ಬಿಡಬಹುದಿತ್ತು. ಬಿಡಲು ಎರಡು ಕ್ಷಣ ಪ್ರಯತ್ನವನ್ನೂ ಮಾಡಿದೆ.

"ಸಣ್ಣದಲ್ಲ ಸಾರ್" ಎಂದೆ. "ಮ್ಯಾಲೊಂದು ರೂಮೈತೆ. ಈಕಿ ಬರ್ತಾಳಂತ ಗೊತ್ತಾಗಿ ಬಾಡಿಗಿಗೆ ಕೊಟ್ಟೆ."

ಟೈಪ್ ಮಾಡುತ್ತಿದ್ದ ಹೆಂಗಸು ಕೈ ನಿಲ್ಲಿಸಿದಳು. "ಇದನ್ನೂ ಹೊಡೀಬೇಕಾ ಸಾರ್?"

ವಕೀಲರು ನನ್ನನ್ನು ನೋಡಿದರು. "'ಅಣ್ಣ ಆಶ್ರಯ ನೀಡಿರುವುದಿಲ್ಲ' ಅಂತ ಹಾಕು. ಅಷ್ಟು ಸಾಕು."

ಅರ್ಜಿ ಒಳಗೆ ಹೋಯಿತು. ಹೊರಗೆ ಬಂದು ತಂಗಿಗೆ ಹೇಳಿದೆ: "ಆ ಹುಡುಗ್ರನ್ನ ರೂಮು ಬಿಡಿಸ್ತೀನಿ. ನಡಿ ಮನಿಗೆ."

ಅವಳು ನಕ್ಕುಬಿಟ್ಟಳು. "ನಿಂಗೇನು ತಲಿ ಕೆಟ್ಟೈತಾ? ಈಗಷ್ಟೇ ಸೈ ಹಾಕಿ ಬಂದೀನಿ. ನಾನು ಬಂದ್ರೆ ಇದೂ ಸುಳ್ಳಾಗ್ತೈತೆ. ಮತ್ತೆ ವಾಪಸ್ ತಗಂಡು, ಮತ್ತೆ ಹಾಕಾದು ಬ್ಯಾಡಪ್ಪ. ಕೇಸು ಮುಗಿಯಾ ತನಕ ನೀನು ಅಲ್ಲೇ ಇರು, ನಾನು ಇಲ್ಲೇ ಇರ್ತೀನಿ."

ಅವಳು ಹೇಳಿದ್ದು ಕಾನೂನಿನಲ್ಲಿ ಸರಿಯೋ ತಪ್ಪೋ ನನಗೆ ಗೊತ್ತಿರಲಿಲ್ಲ. ವಕೀಲರು ಇನ್ನೂ ಹೋಗಿರಲಿಲ್ಲ. ಎದುರಿಗೇ ಮರದ ಕೆಳಗೆ ಸ್ಕೂಟರಿನ ಸೀಟು ಒರೆಸುತ್ತಿದ್ದರು. ಹೋಗಿ ಒಂದು ಮಾತು ಕೇಳಬಹುದಿತ್ತು.

ಕೇಳಲಿಲ್ಲ. "ಹಂಗಾದ್ರೆ ಬರ್ತೀನಿ" ಎಂದು ದಾವಣಗೆರೆ ಬಸ್ಸು ಹತ್ತಿದೆ.